ವಾರೆನ್, ಫಿಟ್ಜ್‌ಜೆರಾಲ್ಡ್, ಮಾಸ್ತಿ: ಸರ್‌ನೇಮ್ ಹುಟ್ಟಿದ್ದು ಹೇಗೆ?

ಕೋಲಾರ ತಾಲ್ಲೂಕು ಹುತ್ತೂರಿನಿಂದ ಮಾತಾಡ್ತಿದ್ದೀನಿ. ಇಯರ್‌ಫೋನ್ ಹಾಕ್ಕೊಂಡು ಬಸ್ಸಲ್ಲಿ ಕೂತಿರೋರಿಗೆ ಮೊದಲು ಒಂದು ಪ್ರಶ್ನೆ. ಆನ್‌ಲೈನ್ ಫಾರ್ಮ್‌ನಲ್ಲಿ ‘ಸರ್‌ನೇಮ್’ ಅಂತ ಒಂದು ಕಾಲಂ ಇರುತ್ತಲ್ಲ, ಪಕ್ಕದಲ್ಲಿ ಕೆಂಪು ನಕ್ಷತ್ರ, ತುಂಬದೆ ಇದ್ರೆ ಮುಂದಕ್ಕೇ ಬಿಡಲ್ಲ. ಅಲ್ಲಿ ನೀವೇನು ಬರೀತೀರಿ?

ನಮ್ಮ ಕಡೆ ಬಹಳ ಜನಕ್ಕೆ ಸರ್‌ನೇಮ್ ಇಲ್ಲ, ಇನಿಷಿಯಲ್ ಇದೆ. ತೆಲುಗು ಮಾತಾಡೋ ಮನೆಗಳಲ್ಲಿ ಇಂಟಿ ಪೇರು ಅಂತ ಇದ್ರೂ ಅದು ಎಷ್ಟೋ ಸಲ ದಾಖಲೆಗೆ ಬರೋ ಹೊತ್ತಿಗೆ ಒಂದಕ್ಷರ ಆಗಿರುತ್ತೆ. ಹಾಗಾಗಿ ಒಂದು ಕಾರ್ಡಲ್ಲಿ ಅಪ್ಪನ ಹೆಸರು, ಇನ್ನೊಂದರಲ್ಲಿ ಊರ ಹೆಸರು, ಮತ್ತೊಂದರಲ್ಲಿ ಬರೀ ಚುಕ್ಕೆ. ಬಿ.ಕಾಂ. ಓದಿರೋ ನನಗೆ ಇದು ತಮಾಷೆ ಅನ್ನಿಸಲ್ಲ. ಕೆವೈಸಿಯಲ್ಲಿ ಹೆಸರು ಮ್ಯಾಚ್ ಆಗದೆ ದುಡ್ಡು ಸಿಕ್ಕಿಕೊಳ್ಳೋದನ್ನ ನೋಡಿದ್ದೀನಿ. ಅಷ್ಟಕ್ಕೂ ಈ ಸರ್‌ನೇಮ್ ಅನ್ನೋದು ಬಂದಿದ್ದು ಎಲ್ಲಿಂದ? ಹುಡುಕ್ತಾ ಹೋದ್ರೆ ದಾರದ ಒಂದು ತುದಿ ನಮ್ಮ ಕೆಜಿಎಫ್‌ನಲ್ಲೇ ಸಿಕ್ತು.

ಕೆಜಿಎಫ್ ಅಂದ ತಕ್ಷಣ ಯಶ್ ನೆನಪಾಗ್ತಾರೆ, ಸರಿ. ಆದ್ರೆ ಗಣಿಯ ಚರಿತ್ರೆಯಲ್ಲಿ ಮೊದಲಿಗೆ ಬರೋ ಎರಡು ಹೆಸರು ಬೇರೆ. ಒಂದು, ಜಾನ್ ವಾರೆನ್. ಟಿಪ್ಪು ಸತ್ತು ಮೂರು ವರ್ಷಕ್ಕೆ, 1802ರಲ್ಲಿ, ಮೈಸೂರಿನ ಗಡಿ ಸರ್ವೆಗೆ ಬಂದ ಬ್ರಿಟಿಷ್ ಸೇನೆಯ ಲೆಫ್ಟಿನೆಂಟ್. ಊರಗಾಂ, ಮಾರಿಕುಪ್ಪಂ ಕಡೆ ಜನ ಮಣ್ಣು ತೊಳೆದು ಚಿನ್ನ ತೆಗೀತಾರೆ ಅಂತ ಕೇಳಿ, ಕಣ್ಣಾರೆ ನೋಡಿ, ವರದಿ ಬರೆದ. ಎರಡನೆಯದು, ಮೈಕೆಲ್ ಫಿಟ್ಜ್‌ಜೆರಾಲ್ಡ್ ಲ್ಯಾವೆಲ್. ನ್ಯೂಜಿಲೆಂಡಿನ ಮಾವೊರಿ ಯುದ್ಧದಲ್ಲಿ ಕಾದಾಡಿ, ಬೆಂಗಳೂರು ದಂಡಿನಲ್ಲಿ ಬಂದು ನೆಲೆಸಿದ ಐರಿಷ್ ಸೈನಿಕ. ವಾರೆನ್ ವರದಿ ಓದಿ 1871ರಲ್ಲಿ ಎತ್ತಿನ ಗಾಡಿಯಲ್ಲಿ ಕೋಲಾರದ ಕಡೆ ಬಂದ. 1875ರಲ್ಲಿ ಗಣಿ ಲೈಸೆನ್ಸ್ ಅವನ ಕೈಗೆ ಸಿಕ್ತು. ಬೆಂಗಳೂರಿನ ಲ್ಯಾವೆಲ್ ರಸ್ತೆ ಇವನದೇ ಹೆಸರು.

ಈಗ ಚಿನ್ನ ಪಕ್ಕಕ್ಕಿಟ್ಟು ಹೆಸರು ಅಗೆಯೋಣ.

1066ರಲ್ಲಿ ಫ್ರಾನ್ಸಿನ ನಾರ್ಮಂಡಿಯ ದೊರೆ ವಿಲಿಯಂ ಇಂಗ್ಲೆಂಡನ್ನ ಗೆದ್ದ. ಅವನ ಜೊತೆ ಬಂದು ಅಲ್ಲೇ ಜಮೀನು ಹಿಡಿದು ಕೂತವರನ್ನ ಆಂಗ್ಲೋ-ನಾರ್ಮನ್ನರು ಅಂತಾರೆ. ಇರೋದು ಇಂಗ್ಲೆಂಡಲ್ಲಿ, ಮನೆಮಾತು ಫ್ರೆಂಚು. ಕೋಲಾರದಲ್ಲಿದ್ದು ಮನೇಲಿ ತೆಲುಗು ಮಾತಾಡೋ ನಮ್ಮೋರಿಗೆ ಇದನ್ನ ಬಿಡಿಸಿ ಹೇಳೋದೇ ಬೇಡ.

ಇವರು ಹೆಸರಿಗೆ ಬಾಲ ಹಚ್ಚಿದ್ದು ಮುಖ್ಯವಾಗಿ ಎರಡು ರೀತಿ. ಒಂದು ಊರಿನಿಂದ. ನಾರ್ಮಂಡಿಯಲ್ಲಿ ವಾರೆನ್ ಅನ್ನೋ ಹೆಸರಿನ ಜಾಗದಿಂದ ಬಂದ ವಿಲಿಯಂ, ‘ವಿಲಿಯಂ ದ ವಾರೆನ್’. ದ ಅಂದ್ರೆ ‘ಆ ಊರಿನ’. ಅವನು 1066ರ ಹೇಸ್ಟಿಂಗ್ಸ್ ಕದನದಲ್ಲಿದ್ದವನು, ಆಮೇಲೆ ಸರ್ರೆ ಪ್ರಾಂತ್ಯದ ಅರ್ಲ್ ಆದ. ವಾರೆನ್ ಅನ್ನೋರೆಲ್ಲ ಒಂದೇ ಮನೆಯವರು ಅಂತ ತಿಳ್ಕೋಬೇಡಿ. ಮೊಲ ಸಾಕೋ ಜಾಗಕ್ಕೂ ಇಂಗ್ಲಿಷಲ್ಲಿ ವಾರೆನ್ ಅಂತಾರೆ, ಅದರಿಂದ ಹೆಸರು ಬಂದವರೂ ಇದ್ದಾರೆ. ನಮ್ಮ ಸರ್ವೆ ವಾರೆನ್ ಮಾತ್ರ ಹುಟ್ಟಿದ್ದು ಇಟಲಿಯಲ್ಲಿ, ಐರ್ಲೆಂಡ್ ಮೂಲದ ಫ್ರೆಂಚ್ ಮನೆತನದಲ್ಲಿ, ಮತ್ತು ಅವನ ಫ್ರೆಂಚ್ ಹೆಸರಲ್ಲಿ ಆ ‘ದ’ ಹಾಗೇ ಇತ್ತು. ನಮ್ಮಲ್ಲಿ ಇದಕ್ಕೆ ಜೋಡಿ ಬೇಕಾ? ಮಾಲೂರು ತಾಲ್ಲೂಕಿನ ಮಾಸ್ತಿ. ವೆಂಕಟೇಶ ಅಯ್ಯಂಗಾರ್ ಅಂದ್ರೆ ತಡವರಿಸೋರೂ ಮಾಸ್ತಿ ಅಂದ್ರೆ ಗುರುತು ಹಿಡೀತಾರೆ. ಊರೇ ಮನುಷ್ಯ ಆಗಿಬಿಟ್ಟಿದೆ.

ಎರಡನೇ ರೀತಿ ಅಪ್ಪನಿಂದ. ಲ್ಯಾಟಿನ್‌ನಲ್ಲಿ ಮಗ ಅಂದ್ರೆ ಫಿಲಿಯಸ್. ನಾರ್ಮನ್ನರ ಬಾಯಲ್ಲಿ ಅದು ‘ಫಿಟ್ಜ್’ ಆಯ್ತು. ಒಥೆರ್‌ನ ಮಗ ವಾಲ್ಟರ್, ಅವನು ವಾಲ್ಟರ್ ಫಿಟ್ಜ್‌ಒಥೆರ್, ವಿಂಡ್ಸರ್ ಕೋಟೆಯ ಉಸ್ತುವಾರಿ. ಅವನ ಮಗ ಜೆರಾಲ್ಡ್ ಫಿಟ್ಜ್‌ವಾಲ್ಟರ್, ವೇಲ್ಸ್‌ನ ಪೆಂಬ್ರೋಕ್ ಕೋಟೆ ಕಾಯ್ದವನು, ಅಲ್ಲಿನ ರಾಜಕುಮಾರಿ ನೆಸ್ಟ್‌ಳನ್ನ ಮದುವೆಯಾದ. ಅವನ ಮಗ ಮಾರಿಸ್ ಫಿಟ್ಜ್‌ಜೆರಾಲ್ಡ್, 1169ರಲ್ಲಿ ಸೈನ್ಯದ ಜೊತೆ ಐರ್ಲೆಂಡಿಗೆ ಇಳಿದ. ಅವನ ಮಗ ಜೆರಾಲ್ಡ್ ಫಿಟ್ಜ್‌ಮಾರಿಸ್. ತಾತನ ಹೆಸರು ಮೊಮ್ಮಗನಿಗೆ! ಪಕ್ಕಾ ನಮ್ಮೂರ ಪದ್ಧತಿ.

ಗಮನಿಸಿದ್ರಾ, ಪ್ರತಿ ತಲೆಮಾರಿಗೂ ಬಾಲ ಬದಲಾಗ್ತಿದೆ. ಫಿಟ್ಜ್ ಅನ್ನೋದು ಆಗಿನ್ನೂ ಸರ್‌ನೇಮ್ ಅಲ್ಲ, ಅಪ್ಪನ ಇನಿಷಿಯಲ್. ಮುಳಬಾಗಿಲಿನಲ್ಲಿ ಹುಟ್ಟಿದ ಡಿ.ವಿ.ಜಿ.ಯವರನ್ನೇ ನೋಡಿ. ದೇವನಹಳ್ಳಿ ವೆಂಕಟರಮಣಯ್ಯ ಗುಂಡಪ್ಪ, ಅಂದ್ರೆ ಊರು, ಅಪ್ಪ, ತಾನು. ಅವರ ಮಗ, ಸಸ್ಯವಿಜ್ಞಾನಿ ಬಿ.ಜಿ.ಎಲ್. ಸ್ವಾಮಿ. ಬೆಂಗಳೂರು ಗುಂಡಪ್ಪ ಲಕ್ಷ್ಮೀನಾರಾಯಣ ಸ್ವಾಮಿ. ಊರು ಬದಲಾಯ್ತು, ಅಪ್ಪನ ಅಕ್ಷರ ಬದಲಾಯ್ತು. ನಾರ್ಮನ್ ಗುಮಾಸ್ತನೊಬ್ಬ ಬರೆದಿದ್ರೆ ‘ಸ್ವಾಮಿ ಫಿಟ್ಜ್‌ಗುಂಡಪ್ಪ’ ಅಂತಿದ್ನೇನೋ.

ಆಮೇಲೆ ಅಲ್ಲಿ ಬಾಲ ಹೆಪ್ಪುಗಟ್ಟಿತು, ಒಂದೇ ದಿನದಲ್ಲಿ ಅಲ್ಲ. 1316ರಲ್ಲಿ ಕಿಲ್ಡೇರ್‌ನ ಮೊದಲ ಅರ್ಲ್ ಆದವನ ಹೆಸರು ಇನ್ನೂ ಜಾನ್ ಫಿಟ್ಜ್‌ಥಾಮಸ್, ಅಪ್ಪನ ಹೆಸರು ಥಾಮಸ್ ಅಂತ. ಆದ್ರೆ ಆಸ್ತಿ ಮತ್ತು ಪದವಿ ಅಪ್ಪನಿಂದ ಮಗನಿಗೆ ಕಾಗದದ ಮೇಲೆ ಹೋಗೋಕೆ ಶುರುವಾದ ಮೇಲೆ, ಇದು ಯಾವ ಮನೆ ಅನ್ನೋದಕ್ಕೆ ಒಂದು ಗಟ್ಟಿ ಗುರುತು ಬೇಕಾಯ್ತು. ಅಪ್ಪನ ಹೆಸರು ಏನೇ ಇರಲಿ, ಇಡೀ ಮನೆತನ ಫಿಟ್ಜ್‌ಜೆರಾಲ್ಡ್ ಆಗಿ ನಿಂತಿತು. ಫಿಟ್ಜ್ ಅಂದ್ರೆ ಮದುವೆಯಾಚೆ ಹುಟ್ಟಿದವರು ಅನ್ನೋ ಮಾತೂ ಓಡಾಡುತ್ತೆ. ಕೆಲವು ದೊರೆಗಳು ಅಂಥ ಮಕ್ಕಳಿಗೆ ಫಿಟ್ಜ್‌ರಾಯ್, ಅಂದ್ರೆ ರಾಜನ ಮಗ, ಅಂತ ಹೆಸರಿಟ್ಟಿದ್ದಕ್ಕೆ ಹಬ್ಬಿದ ಮಾತು ಅದು. ಉಳಿದ ಫಿಟ್ಜ್‌ಗಳಿಗೆ ಅದು ಅಂಟಲ್ಲ.

ಫಿಟ್ಜ್‌ಜೆರಾಲ್ಡರು ಐರ್ಲೆಂಡಲ್ಲಿ ಎಷ್ಟು ಬೆರೆತರು ಅಂದ್ರೆ, ಐರಿಷ್ ಮಾತು ಕಲಿತರು, 1534ರಲ್ಲಿ ಇಂಗ್ಲೆಂಡಿನ ದೊರೆ ವಿರುದ್ಧವೇ ದಂಗೆ ಎದ್ದರು. ಈಗ ಫಿಟ್ಜ್‌ಜೆರಾಲ್ಡ್ ಅಂದ್ರೆ ಪಕ್ಕಾ ಐರಿಷ್ ಹೆಸರು. ಜಾನ್ ಎಫ್. ಕೆನಡಿ ಹೆಸರಿನ ‘ಎಫ್’ ಕೂಡ ಅದೇ, ತಾಯಿ ರೋಸ್ ಫಿಟ್ಜ್‌ಜೆರಾಲ್ಡ್ ಕಡೆಯಿಂದ ಬಂದದ್ದು.

ಇನ್ನು ‘ಲ್ಯಾವೆಲ್’. ಕೇಳೋಕೆ ಥೇಟ್ ಫ್ರೆಂಚ್. ಆದ್ರೆ ಐರ್ಲೆಂಡಿನ ಲ್ಯಾವೆಲ್‌ಗಳ ಮೂಲ ಹೆಸರು ‘ಓ ಮೇಲ್‌ಆವಿಲ್’ ಅನ್ನೋ ಹಾಗಿನ ಅಪ್ಪಟ ಗೇಲಿಕ್ ಹೆಸರು. ಇಂಗ್ಲಿಷ್ ಕಾಗದದಲ್ಲಿ ಸವೆದು ಲ್ಯಾವೆಲ್ ಆಯ್ತು. ಅಂದ್ರೆ ನಮ್ಮ ಗಣಿಯ ಲ್ಯಾವೆಲ್ ಹೆಸರಲ್ಲಿ ಐರಿಷ್ ಥರ ಕಾಣೋದು ಫ್ರೆಂಚ್, ಫ್ರೆಂಚ್ ಥರ ಕಾಣೋದು ಐರಿಷ್!

ಇಷ್ಟೆಲ್ಲ ನಮಗ್ಯಾಕೆ ಅಂದ್ರೆ, ಅಲ್ಲಿ ಮುನ್ನೂರು ವರ್ಷ ಹಿಡಿದ ಕೆಲಸ ಇಲ್ಲಿ ನಮ್ಮ ತಲೆಮಾರಿನಲ್ಲಿ, ಒಂದು ಫಾರ್ಮ್‌ನಲ್ಲಿ ಆಗ್ತಿದೆ. 2022ರ ನವೆಂಬರ್‌ನಲ್ಲಿ ಯುಎಇ, ಪಾಸ್‌ಪೋರ್ಟಲ್ಲಿ ಒಂದೇ ಹೆಸರಿದ್ರೆ ವಿಸಿಟ್ ವೀಸಾ ಮೇಲೆ ಒಳಗೆ ಬಿಡಲ್ಲ ಅಂದಿತು. ಇನ್ನೊಂದು ಪುಟದಲ್ಲಿ ಅಪ್ಪನ ಅಥವಾ ಮನೆತನದ ಹೆಸರು ಇದ್ರೆ ಸಾಕು ಅಂತ ಆಮೇಲೆ ಸಡಿಲ ಮಾಡ್ತು. ಅಮೆರಿಕದ ವೀಸಾದಲ್ಲಿ ಒಂಟಿ ಹೆಸರನ್ನ ಸರ್‌ನೇಮ್ ಕಾಲಂಗೆ ತಳ್ಳಿ, ನಿಮ್ಮ ಹೆಸರಿನ ಜಾಗದಲ್ಲಿ ‘ಎಫ್‌ಎನ್‌ಯು’ ಅಂತ ಹಾಕ್ತಾರೆ. ಮೊದಲ ಹೆಸರು ಗೊತ್ತಿಲ್ಲ ಅಂತ ಅರ್ಥ!

ನನ್ನ ಪ್ರಕಾರ ಅಪ್ಪನ ಹೆಸರಿಗಿಂತ ಊರ ಹೆಸರೇ ವಾಸಿ. ನಾಳೆ ನಿಮ್ಮ ಮಗಳ ಸರ್‌ನೇಮ್ ಆಗಿ ನಿಮ್ಮಪ್ಪನ ಹೆಸರು ಕೂತ್ರೆ ಅವಳ ಅಪ್ಪ ಯಾರು ಅನ್ನೋ ಗೊಂದಲ, ಊರಾದ್ರೆ ಆ ರಗಳೆ ಇಲ್ಲ. ಏನೇ ಆರಿಸಿದ್ರೂ ಪಾಸ್‌ಪೋರ್ಟ್, ಪ್ಯಾನ್, ಆಧಾರ್ ಮೂರರಲ್ಲೂ ಅದೇ ಸ್ಪೆಲ್ಲಿಂಗ್ ಇರಲಿ. ‘ಹುತ್ತೂರು’ ಅಂತ ಇಂಗ್ಲಿಷಲ್ಲಿ ಬರೆಯೋಕೆ ನಮ್ಮ ಓಣಿಯಲ್ಲೇ ಮೂರು ವಿಧ ಇದೆ. ನಿಮ್ಮನೇಲಿ ಆ ಕಾಲಂನಲ್ಲಿ ಏನು ಬರೆದಿದ್ದೀರಿ, ಯಾರು ತೀರ್ಮಾನ ಮಾಡಿದ್ರು, ವಾಯ್ಸ್ ನೋಟ್ ಕಳಿಸಿ. ಮುಂದಿನ ವಾರ ಕೇಳಿಸ್ತೀನಿ.