ಗೃಹಸಾಲದ ನಿಜವಾದ ಬೆಲೆ: ನಂಬಿಕೆ ಮತ್ತು ಲೆಕ್ಕ

ಮನೆಸಾಲ ಕೊನೆಗೆ ಎಷ್ಟಕ್ಕೆ ಬೀಳುತ್ತದೆ ಎಂಬುದು ಮೂರು ಸಂಗತಿಗಳ ಮೇಲೆ ನಿಂತಿದೆ: ಬಡ್ಡಿ ದರ, ಬಾಕಿ ಇರುವ ಅಸಲು, ಆ ಅಸಲು ಎಷ್ಟು ವರ್ಷ ಬಾಕಿ ಉಳಿಯುತ್ತದೆ ಎಂಬುದು. ಹೆಚ್ಚಿನವರ ಗಮನ ಮೊದಲನೆಯದರ ಮೇಲಷ್ಟೇ ಇರುತ್ತದೆ. ದುಡ್ಡು ಸೋರುವುದು ಮೂರನೆಯದರಲ್ಲಿ. ಜೈನಾಪುರ, ಬಬಲೇಶ್ವರ, ತಿಕೋಟಾ ಕಡೆಯ ಕುಟುಂಬಗಳು ಊರಿನ ಹಳೆಯ ಮನೆ ಕೆಡವಿ ಆರ್‌ಸಿಸಿ ಮನೆ ಕಟ್ಟಿಸುವಾಗಲೂ, ಮಕ್ಕಳ ಓದಿಗೆಂದು ವಿಜಯಪುರದಲ್ಲಿ ಎನ್‌ಎ ಆದ ಪ್ಲಾಟು ಹಿಡಿದು ಮನೆ ಎಬ್ಬಿಸುವಾಗಲೂ ಬ್ಯಾಂಕಿನಲ್ಲಿ ಮೊದಲು ಕೇಳುವುದು "ಬಡ್ಡಿ ಎಷ್ಟು?" ಎಂದು, ಆಮೇಲೆ "ತಿಂಗಳಿಗೆ ಕಂತು ಎಷ್ಟು ಬರತೈತಿ?" ಎಂದು. "ಎಲ್ಲಾ ಸೇರಿ ಎಷ್ಟು ಕಟ್ಟಬೇಕಾಗತೈತಿ?" ಎಂಬ ಪ್ರಶ್ನೆ ಬರುವುದು ಅಪರೂಪ.

ಮುಂದಿನ ಲೆಕ್ಕಗಳಿಗೆ ಒಂದೇ ಸಾಲವನ್ನು ಆಧಾರವಾಗಿ ಹಿಡಿಯಲಾಗಿದೆ: 25 ಲಕ್ಷ ರೂಪಾಯಿ, ವರ್ಷಕ್ಕೆ ಶೇ 8.5 ಬಡ್ಡಿ, 20 ವರ್ಷದ ಅವಧಿ. ಇದರ ತಿಂಗಳ ಕಂತು 21,696 ರೂಪಾಯಿ.

"ಎಂಟೂವರೆ ಬಡ್ಡಿ ಅಂದ್ರ ಏನೂ ಅಲ್ಲ"

ಊರಿನಲ್ಲಿ ಕೈಸಾಲದ ಬಡ್ಡಿಯನ್ನು ತಿಂಗಳ ಲೆಕ್ಕದಲ್ಲಿ ಹೇಳುವ ರೂಢಿ. ನೂರಕ್ಕೆ ಎರಡು ರೂಪಾಯಿ ಎಂದರೆ ವರ್ಷಕ್ಕೆ ಶೇ 24. ಮೂರು ಎಂದರೆ ಶೇ 36. ಆ ದರಕ್ಕೆ ಒಗ್ಗಿದವರಿಗೆ ಬ್ಯಾಂಕಿನ ಎಂಟೂವರೆ ಹಗುರವಾಗಿ ಕಾಣುವುದು ಸಹಜ. ಎಷ್ಟೋ ಜನ 25 ಲಕ್ಷಕ್ಕೆ ಶೇ 8.5ರಂತೆ 2,12,500 ರೂಪಾಯಿ ಬಡ್ಡಿ ಎಂದು ಬಾಯಿಲೆಕ್ಕ ಹಾಕಿ ಸುಮ್ಮನಾಗುತ್ತಾರೆ. ಅದು ಹೆಚ್ಚುಕಡಿಮೆ ಮೊದಲ ಒಂದೇ ವರ್ಷದ ಬಡ್ಡಿ. ಕಂತುಗಳನ್ನು ಒಂದೂ ತಪ್ಪಿಸದೆ 20 ವರ್ಷ ಕಟ್ಟಿದರೆ ಒಟ್ಟು ಸಂದಾಯ ಸುಮಾರು 52.07 ಲಕ್ಷ. ಪಡೆದದ್ದು 25 ಲಕ್ಷ, ಬಡ್ಡಿಯೇ 27.07 ಲಕ್ಷ.

ಮೊದಲ ಕಂತನ್ನು ಬಿಡಿಸಿ ನೋಡಿದರೆ ಒಳಗಿನ ವ್ಯವಹಾರ ತಿಳಿಯುತ್ತದೆ. 21,696 ರೂಪಾಯಿಯಲ್ಲಿ 17,708 ರೂಪಾಯಿ ಬಡ್ಡಿಗೆ ಜಮೆಯಾಗುತ್ತದೆ, ಅಸಲಿಗೆ ಹೋಗುವುದು 3,988 ರೂಪಾಯಿ ಮಾತ್ರ. ಐದು ವರ್ಷದಲ್ಲಿ 13 ಲಕ್ಷಕ್ಕೂ ಹೆಚ್ಚು ಕಟ್ಟಿದ ಮೇಲೂ ಬಾಕಿ ಸುಮಾರು 22.03 ಲಕ್ಷ ಇರುತ್ತದೆ. ಸಾಲ ಅರ್ಧಕ್ಕೆ ಇಳಿಯಬೇಕಾದರೆ 14ನೆಯ ವರ್ಷ ಮುಗಿಯುತ್ತ ಬರಬೇಕು.

ಇದನ್ನು ನೋಡಿದವರು "ಬ್ಯಾಂಕಿನವರು ಮೊದಲ ಬಡ್ಡಿ ಹಿರಕೋತಾರ, ಆಮ್ಯಾಲ ಅಸಲು ಮುಟ್ಟತಾರ" ಎಂದು ದೂರುವುದುಂಟು. ಇದೂ ತಪ್ಪು ತಿಳಿವಳಿಕೆಯೇ. ಪ್ರತಿ ತಿಂಗಳ ಬಡ್ಡಿ ಆ ತಿಂಗಳ ಬಾಕಿ ಅಸಲಿನ ಮೇಲಷ್ಟೇ ಬೀಳುತ್ತದೆ. ಆರಂಭದಲ್ಲಿ ಬಾಕಿ ದೊಡ್ಡದು, ಆದ್ದರಿಂದ ಬಡ್ಡಿಯೂ ದೊಡ್ಡದು. ಬಾಕಿ ಕರಗಿದಂತೆ ಬಡ್ಡಿ ಕುಗ್ಗಿ ಅಸಲಿನ ಪಾಲು ಬೆಳೆಯುತ್ತದೆ. ಇದರಲ್ಲಿ ಬ್ಯಾಂಕಿನ ಮೋಸವಿಲ್ಲ. ಆದರೆ ಇದು ಗೊತ್ತಿಲ್ಲದೆ ಸಾಲ ಮಾಡಿದವರು ಅದರ ಬೆಲೆ ತೆರುತ್ತಾರೆ.

ನಿಜವಾಗಿ ಎಚ್ಚರ ಬೇಕಾದದ್ದು ಫ್ಲ್ಯಾಟ್ ದರದ ಹತ್ತಿರ. ಅಲ್ಲಿ ಅಸಲು ತೀರುತ್ತ ಬಂದರೂ ಬಡ್ಡಿಯನ್ನು ಮೊದಲಿನ ಪೂರ್ತಿ ಮೊತ್ತದ ಮೇಲೆಯೇ ಹಾಕುತ್ತಾರೆ. ಒಂದು ಲಕ್ಷಕ್ಕೆ ಫ್ಲ್ಯಾಟ್ ಶೇ 8ರಂತೆ 10 ವರ್ಷಕ್ಕೆ 80,000 ಬಡ್ಡಿ, ತಿಂಗಳಿಗೆ 1,500 ಕಂತು. ಇಳಿಯುವ ಬಾಕಿಯ ಲೆಕ್ಕಕ್ಕೆ ತಂದರೆ ಇದೇ ದರ ಶೇ 13 ದಾಟುತ್ತದೆ. ಬಾಯಲ್ಲಿ ಎಂಟು ಎಂದು ಹೇಳಿದ್ದು ಬ್ಯಾಂಕಿನ ಎಂಟೂವರೆಗಿಂತ ಬಹಳ ದುಬಾರಿ.

"ಕಂತು ಸಣ್ಣದಿದ್ರ ಚಲೋ"

ಅದೇ ಸಾಲವನ್ನು 30 ವರ್ಷಕ್ಕೆ ಎಳೆದರೆ ಕಂತು 19,223ಕ್ಕೆ ಇಳಿಯುತ್ತದೆ. ತಿಂಗಳಿಗೆ ಉಳಿದದ್ದು 2,473 ರೂಪಾಯಿ. ಒಟ್ಟು ಬಡ್ಡಿ ಮಾತ್ರ 27.07 ಲಕ್ಷದಿಂದ 44.20 ಲಕ್ಷಕ್ಕೆ ಏರುತ್ತದೆ. ಅಂದರೆ 17 ಲಕ್ಷ ಹೆಚ್ಚು. 20 ವರ್ಷದ ಕಂತಿಗಿಂತ ತಿಂಗಳಿಗೆ 2,923 ರೂಪಾಯಿ ಹೆಚ್ಚು ಕಟ್ಟಿ 15 ವರ್ಷಕ್ಕೆ ಮುಗಿಸುವವರಿಗೆ ಬಡ್ಡಿ 19.31 ಲಕ್ಷಕ್ಕೆ ನಿಲ್ಲುತ್ತದೆ. ಮನೆಯ ಖರ್ಚು ಬಿಗಿಯಿದ್ದಾಗ ಸಣ್ಣ ಕಂತು ಆರಿಸಿಕೊಳ್ಳುವುದು ತಪ್ಪಲ್ಲ, ಕಂತು ತಪ್ಪಿ ದಂಡ ತೆರುವುದಕ್ಕಿಂತ ಅದೇ ಲೇಸು. ಆದರೆ ಸಣ್ಣ ಕಂತು ಅಗ್ಗದ ಸಾಲ ಎಂದು ನಂಬುವುದು ತಪ್ಪು.

"ಬಡ್ಡಿ ಏರಿದ್ರ ಕಂತಿನ ಮ್ಯಾಲ ಗೊತ್ತಾಗತೈತಿ"

ಗೊತ್ತಾಗದೆಯೂ ಇರಬಹುದು. ಬದಲಾಗುವ ದರದ ಗೃಹಸಾಲಗಳನ್ನು ರೆಪೊ ದರದಂಥ (ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರ) ಹೊರಗಿನ ಮಾನದಂಡಕ್ಕೆ ಜೋಡಿಸಬೇಕೆಂದು ರಿಸರ್ವ್ ಬ್ಯಾಂಕ್ 2019ರ ಅಕ್ಟೋಬರ್ 1ರಿಂದ ವಾಣಿಜ್ಯ ಬ್ಯಾಂಕುಗಳಿಗೆ ಕಡ್ಡಾಯ ಮಾಡಿತು. ಗ್ರಾಮೀಣ ಬ್ಯಾಂಕುಗಳಿಗೆ ಈ ಕಡ್ಡಾಯ ಇಲ್ಲ. ಪತ್ತಿನ ಸಹಕಾರಿ ಸಂಘಗಳು ಮತ್ತು ಸೌಹಾರ್ದ ಸಹಕಾರಿಗಳು ರಿಸರ್ವ್ ಬ್ಯಾಂಕಿನ ಈ ನಿಯಮಗಳ ವ್ಯಾಪ್ತಿಗೇ ಬರುವುದಿಲ್ಲ, ಅವುಗಳ ದರ ಮತ್ತು ಷರತ್ತು ಅವುಗಳ ಕರಾರಿನಲ್ಲಿ ಬರೆದಂತೆ ನಡೆಯುತ್ತವೆ. ಆದ್ದರಿಂದ ಪಕ್ಕದ ಮನೆಯವರ ಸಾಲದ ಅನುಭವ ಇನ್ನೊಬ್ಬರ ಸಾಲಕ್ಕೆ ಹೊಂದಬೇಕೆಂದೇನೂ ಇಲ್ಲ.

2020ರ ಮೇ ತಿಂಗಳಿಂದ ಎರಡು ವರ್ಷ ರೆಪೊ ದರ ಶೇ 4ರಲ್ಲಿತ್ತು. 2022ರ ಮೇ ತಿಂಗಳಿಂದ ಏರುತ್ತ 2023ರ ಫೆಬ್ರವರಿಗೆ ಶೇ 6.5 ಮುಟ್ಟಿತು. ಈ ಎರಡೂವರೆ ಅಂಶದ ಏರಿಕೆ ಸಾಲಗಾರರಿಗೆ ಏನು ಮಾಡಿತು ಎಂಬುದನ್ನು ಹತ್ತಿರದಿಂದ ನೋಡಬೇಕು. ಶೇ 6.7ರ ದರದಲ್ಲಿ 25 ಲಕ್ಷವನ್ನು 20 ವರ್ಷಕ್ಕೆ ಪಡೆದವರ ಕಂತು ಸುಮಾರು 18,935 ರೂಪಾಯಿ. ಒಂದು ವರ್ಷ ಕಟ್ಟಿದ ಮೇಲೆ ಬಾಕಿ 24.38 ಲಕ್ಷ. ಆಗ ಏರಿಕೆಯೆಲ್ಲ ಒಮ್ಮೆಗೇ ಬಂದು ದರ ಶೇ 9.2 ಆಯಿತೆಂದು ಲೆಕ್ಕಕ್ಕೆ ಹಿಡಿದರೆ, ಆ ತಿಂಗಳ ಬಡ್ಡಿಯೇ 18,694 ರೂಪಾಯಿ. ಕಂತಿನಲ್ಲಿ ಅಸಲಿಗೆ ಉಳಿಯುವುದು ಸುಮಾರು 240 ರೂಪಾಯಿ. ಕಂತನ್ನು ಏರಿಸದೆ ಹಾಗೆಯೇ ಬಿಟ್ಟರೆ ಸಾಲ ತೀರಲು ಇನ್ನೂ 47 ವರ್ಷಕ್ಕೂ ಹೆಚ್ಚು ಬೇಕು. ಖಾತೆಯಿಂದ ಕಡಿತವಾಗುವ ಮೊತ್ತ ಮೊದಲಿನಷ್ಟೇ ಇರುವುದರಿಂದ ಮನೆಯವರಿಗೆ ಏನೂ ಬದಲಾದಂತೆ ಕಾಣುವುದಿಲ್ಲ. ಬೆಳೆಯುತ್ತಿರುವುದು ಅವಧಿ.

ಈ ಬಗೆಯ ತೊಂದರೆ ದೇಶದಾದ್ಯಂತ ಕಂಡಮೇಲೆ 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಕಂತು ಏರಿಸಬೇಕೋ, ಅವಧಿ ಹಿಗ್ಗಿಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎಂಬ ಆಯ್ಕೆಯನ್ನು ಸಾಲಗಾರರಿಗೆ ಕೊಡಬೇಕು. ಎಷ್ಟು ಕಂತು ಉಳಿದಿವೆ, ಈವರೆಗೆ ಅಸಲೆಷ್ಟು ಬಡ್ಡಿಯೆಷ್ಟು ಸಂದಿದೆ ಎಂಬ ವಿವರವನ್ನು ಮೂರು ತಿಂಗಳಿಗೊಮ್ಮೆ ಒದಗಿಸಬೇಕು ಎಂದು ಅದು ಹೇಳುತ್ತದೆ. 2025ರಲ್ಲಿ ರೆಪೊ ದರ ಹಂತಹಂತವಾಗಿ ಇಳಿದು ಡಿಸೆಂಬರಿಗೆ ಶೇ 5.25ಕ್ಕೆ ಬಂತು. ದರ ಇಳಿದಾಗಲೂ ಇದೇ ಲೆಕ್ಕ ಉಲ್ಟಾ ನಡೆಯುತ್ತದೆ: ಕಂತು ಇಳಿಸದೆ ಹಳೆಯ ಕಂತನ್ನೇ ಮುಂದುವರಿಸಿದರೆ ಅವಧಿ ಕುಗ್ಗುತ್ತದೆ. ಕೈಗೆ ನಾಲ್ಕು ಕಾಸು ಸಿಕ್ಕಿತೆಂದು ಕಂತು ಇಳಿಸಿಕೊಂಡವರು ದೊಡ್ಡ ಲಾಭವನ್ನು ಬಿಟ್ಟುಕೊಟ್ಟಂತೆ.

"ಮೊದಲ ತುಂಬಿದ್ರ ದಂಡ ಹಾಕತಾರ, ಅದಕ್ಕ ಕಂತಿನ ಪ್ರಕಾರನ ಹೋಗಬೇಕು"

ಬದಲಾಗುವ ದರದ ಗೃಹಸಾಲವನ್ನು ವ್ಯಕ್ತಿಗಳು ಅವಧಿಗೆ ಮುಂಚೆ ತೀರಿಸಿದರೆ ಬ್ಯಾಂಕುಗಳು ಶುಲ್ಕ ಹಾಕಬಾರದೆಂದು ರಿಸರ್ವ್ ಬ್ಯಾಂಕ್ 2012ರಲ್ಲೇ ಆದೇಶಿಸಿದೆ. ಹಳೆಯ ಕಾಲದ ಈ ಭಯ ಇನ್ನೂ ಜನರ ಮನಸ್ಸಿನಿಂದ ಹೋಗಿಲ್ಲ. ಅದು ಅತಿ ಹೆಚ್ಚು ನಷ್ಟ ಮಾಡುವುದು ದ್ರಾಕ್ಷಿ ಬೆಳೆಯುವ ತಿಕೋಟಾ, ಬಬಲೇಶ್ವರದಂಥ ಸೀಮೆಯಲ್ಲಿ.

ಇಲ್ಲಿ ಆದಾಯ ತಿಂಗಳ ಸಂಬಳದಂತೆ ಬರುವುದಿಲ್ಲ. ಬೇಸಿಗೆಯ ಹೊತ್ತಿಗೆ ಗೊನೆ ಕೊಯ್ದು, ಶೆಡ್ಡಿನ ಜಾಲರಿಯ ಮೇಲೆ ಹರವಿ ಒಣಗಿಸಿ, ಮಣೂಕವನ್ನು ವಿಜಯಪುರದ ಎಪಿಎಂಸಿಗೋ ಮಹಾರಾಷ್ಟ್ರದ ತಾಸಗಾಂವಿಗೋ ಕಳಿಸಿದ ಮೇಲೆ ರೊಕ್ಕ ಒಟ್ಟಿಗೆ ಕೈಸೇರುತ್ತದೆ. ದರ ಚೆನ್ನಾಗಿ ಸಿಕ್ಕ ವರ್ಷ ಒಂದಿಷ್ಟು ಮಿಗುತ್ತದೆ. ಆ ಮಿಗತೆಯನ್ನು ಸಾಲಕ್ಕೆ ಯಾವಾಗ ಹಾಕುತ್ತಾರೆ ಎಂಬುದರ ಮೇಲೆ ಫಲ ನಿಂತಿದೆ. ಮೊದಲು ಹೇಳಿದ ಎಂಟೂವರೆಯ ಸಾಲದಲ್ಲಿ ಮೂರನೆಯ ವರ್ಷದ ಕೊನೆಗೆ 2 ಲಕ್ಷ ರೂಪಾಯಿ ಅಸಲಿಗೆ ಕಟ್ಟಿ ಕಂತನ್ನು ಹಾಗೆಯೇ ಇಟ್ಟರೆ 34 ತಿಂಗಳ ಕಂತು ತಪ್ಪುತ್ತದೆ, ಬಡ್ಡಿಯಲ್ಲಿ ಸುಮಾರು 5.5 ಲಕ್ಷ ಉಳಿಯುತ್ತದೆ. ಅದೇ 2 ಲಕ್ಷವನ್ನು ಹದಿನೈದನೆಯ ವರ್ಷದ ಕೊನೆಗೆ ಕಟ್ಟಿದರೆ ಉಳಿತಾಯ ಸುಮಾರು 92 ಸಾವಿರ. ದೊಡ್ಡ ಮೊತ್ತ ಇಲ್ಲದವರು ವರ್ಷಕ್ಕೆ ಒಂದೇ ಒಂದು ಕಂತು ಹೆಚ್ಚು ಕಟ್ಟುತ್ತ ಬಂದರೂ 20 ವರ್ಷದ ಸಾಲ 16 ವರ್ಷ 8 ತಿಂಗಳಿಗೆ ಮುಗಿಯುತ್ತದೆ. ಬಡ್ಡಿಯಲ್ಲಿ 5 ಲಕ್ಷದಷ್ಟು ಉಳಿಯುತ್ತದೆ.

ಹೀಗೆ ಕಟ್ಟುವಾಗ ಅರ್ಜಿಯಲ್ಲಿ ಎರಡು ಮಾತು ಸ್ಪಷ್ಟವಾಗಿ ಬರೆಯಬೇಕು: ಮೊತ್ತವನ್ನು ಅಸಲಿಗೆ ಜಮೆ ಮಾಡಬೇಕು, ಕಂತು ಇಳಿಸದೆ ಅವಧಿ ಇಳಿಸಬೇಕು. ಇಷ್ಟು ಬರೆಯದೆ ಹೋದರೆ ಕಂತು ಇಳಿದು ಲಾಭದ ಬಹುಪಾಲು ಕರಗುವ ಸಂಭವವಿದೆ. ಹಾಗೆಯೇ ಮುಂದಿನ ಹಂಗಾಮಿನ ಔಷಧ, ಗೊಬ್ಬರ, ಆಳಿನ ಖರ್ಚಿಗೆ ಕೈಯಲ್ಲಿ ರೊಕ್ಕ ಇಟ್ಟುಕೊಳ್ಳದೆ ಎಲ್ಲವನ್ನೂ ಎಂಟೂವರೆಯ ಸಾಲಕ್ಕೆ ತುಂಬಿ, ಆಮೇಲೆ ನೂರಕ್ಕೆ ಎರಡರಂತೆ ಕೈಸಾಲ ಎತ್ತುವುದು ಬುದ್ಧಿವಂತಿಕೆಯಲ್ಲ.

"ಮನಿ ಸಾಲ ಇದ್ರ ಟ್ಯಾಕ್ಸ್ ಉಳಿತೈತಿ, ಅದಕ್ಕ ತೀರಿಸಬಾರದು"

ಸ್ವಂತ ವಾಸದ ಮನೆಯ ಸಾಲದ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಇರುವುದು ಹಳೆಯ ತೆರಿಗೆ ಪದ್ಧತಿಯಲ್ಲಿ ಮಾತ್ರ. 2023–24ರಿಂದ ತಾನಾಗಿ ಅನ್ವಯವಾಗುವ ಹೊಸ ಪದ್ಧತಿಯಲ್ಲಿ ಅದು ಇಲ್ಲ. ಕೃಷಿ ಆದಾಯಕ್ಕೆ ಆದಾಯ ತೆರಿಗೆಯೇ ಇಲ್ಲದ್ದರಿಂದ ಬರೀ ಬೇಸಾಯದ ಕುಟುಂಬಕ್ಕೆ ಇದರಿಂದ ಒಂದು ಪೈಸೆಯ ಪ್ರಯೋಜನವಿಲ್ಲ. ಶೇ 30ರ ತೆರಿಗೆ ಹಂತದಲ್ಲಿ ಇರುವ ನೌಕರರಿಗೂ ನೂರು ರೂಪಾಯಿ ಬಡ್ಡಿ ಕಟ್ಟಿದರೆ ಉಳಿಯುವುದು ಮೂವತ್ತೊಂದು; ಉಳಿದ ಅರವತ್ತೊಂಬತ್ತು ಹೋದದ್ದೇ.

"ಬಾಡಿಗಿ ಕೊಟ್ರ ನೀರಾಗ ಹಾಕಿದಂಗ"

ಬಾಡಿಗೆ ಮರಳಿ ಬರುವುದಿಲ್ಲ, ನಿಜ. ಬಡ್ಡಿಯೂ ಬರುವುದಿಲ್ಲ. ಮೊದಲ ವರ್ಷಗಳಲ್ಲಿ ತಿಂಗಳಿಗೆ 17 ಸಾವಿರಕ್ಕೂ ಹೆಚ್ಚು ಬಡ್ಡಿ ಹೋಗುವ ಮನೆಯಂಥದ್ದೇ ಮನೆ ಅದರ ಅರ್ಧ ಬಾಡಿಗೆಗೆ ಸಿಗುವುದಾದರೆ, ಕೊಳ್ಳುವವರು ಬಾಡಿಗೆಯಲ್ಲಿ ಇರುವವರಿಗಿಂತ ಹೆಚ್ಚು ಕಳೆದುಕೊಳ್ಳುತ್ತಿರುತ್ತಾರೆ. ಹತ್ತಾರು ವರ್ಷ ಅದೇ ಊರಿನಲ್ಲಿ ಇರುವವರಿಗೆ ಸ್ವಂತ ಮನೆ ಸರಿಹೋದೀತು. ನಾಲ್ಕೈದು ವರ್ಷಕ್ಕೆ ವರ್ಗವಾಗುವ ನೌಕರಿಯವರಿಗೆ ಹೆಚ್ಚಾಗಿ ಸರಿಹೋಗುವುದಿಲ್ಲ.

ಇದರ ಇನ್ನೊಂದು ತುದಿಯ ತಪ್ಪು "25 ಲಕ್ಷಕ್ಕ 52 ಲಕ್ಷ ಕೊಟ್ಟು ಹಾಳಾದಂಗ" ಎಂದು ಸಾಲವನ್ನೇ ತೆಗಳುವುದು. ಇಪ್ಪತ್ತು ವರ್ಷದ ನಂತರದ ರೂಪಾಯಿ ಇಂದಿನ ರೂಪಾಯಿಗೆ ಸಮವಲ್ಲ. ರಿಸರ್ವ್ ಬ್ಯಾಂಕಿನ ಗುರಿಯಂತೆ ಬೆಲೆಯೇರಿಕೆ ವರ್ಷಕ್ಕೆ ಶೇ 4 ಎಂದು ಹಿಡಿದರೆ ಕೊನೆಯ ಕಂತಿನ 21,696 ರೂಪಾಯಿ ಇಂದಿನ 9,900 ರೂಪಾಯಿಯಷ್ಟೇ ತೂಗುತ್ತದೆ. ಎಲ್ಲ ಕಂತುಗಳು ಸೇರಿ ಇಂದಿನ ಬೆಲೆಯಲ್ಲಿ ಸುಮಾರು 36 ಲಕ್ಷ. ಸಾಲದ ನಿಜವಾದ ಭಾರವನ್ನು ತೂಗುವಾಗ 52 ಲಕ್ಷದ ಜೊತೆಗೆ ಈ ಅಂಕಿಯೂ ಕಣ್ಣ ಮುಂದಿರಬೇಕು.

"ಬ್ಯಾಂಕು ಎಲ್ಲಾದಕ್ಕೂ ಸಾಲ ಕೊಡತೈತಿ"

30 ಲಕ್ಷದವರೆಗಿನ ಸಾಲಕ್ಕೆ ಬ್ಯಾಂಕುಗಳು ಆಸ್ತಿ ಮೌಲ್ಯದ ಶೇ 90ರವರೆಗೆ ಕೊಡಬಹುದು, 30ರಿಂದ 75 ಲಕ್ಷಕ್ಕೆ ಶೇ 80ರವರೆಗೆ. ಮುದ್ರಾಂಕ ಮತ್ತು ನೋಂದಣಿ ಶುಲ್ಕವನ್ನು ಸಾಮಾನ್ಯವಾಗಿ ಈ ಮೌಲ್ಯದಲ್ಲಿ ಸೇರಿಸುವುದಿಲ್ಲ. ಕರ್ನಾಟಕದಲ್ಲಿ ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 1ರಿಂದ ಶೇ 2ಕ್ಕೆ ಏರಿದೆ. 15 ಲಕ್ಷದ ಪ್ಲಾಟಿಗೆ ಶೇ 5ರ ಮುದ್ರಾಂಕ ಶುಲ್ಕವೂ ಸೇರಿ, ಸೆಸ್ ಬಿಟ್ಟು, 1,05,000 ರೂಪಾಯಿ ಕೈಯಿಂದಲೇ ಹೋಗುತ್ತದೆ. ಗ್ರಾಮ ಪಂಚಾಯಿತಿ ವ್ಯಾಪ್ತಿಯ ಜಾಗಕ್ಕೆ ಇ-ಸ್ವತ್ತಿನ ನಮೂನೆ 9 ಮತ್ತು 11 ಇಲ್ಲದೆ ಸಾಲದ ಕಡತ ಮುಂದೆ ಸರಿಯುವುದು ಕಷ್ಟ. ಪ್ರೊಸೆಸಿಂಗ್ ಶುಲ್ಕ, ವಕೀಲರ ಅಭಿಪ್ರಾಯ, ಎಂಜಿನಿಯರ್ ಮೌಲ್ಯಮಾಪನದ ಖರ್ಚು ಬೇರೆ.

ವಿಮೆಯನ್ನು ಸಾಲಕ್ಕೇ ಸೇರಿಸಿಕೊಡುವುದು ಉಚಿತ ಎಂಬ ಭಾವನೆಯೂ ಇದೆ. ಒಂದು ಲಕ್ಷದ ಪ್ರೀಮಿಯಂ ಸಾಲಕ್ಕೆ ಸೇರಿದರೆ 20 ವರ್ಷದಲ್ಲಿ ಅದಕ್ಕೆ ಕಟ್ಟುವುದು 2.08 ಲಕ್ಷ. ದುಡಿಯುವವರ ಜೀವಕ್ಕೆ ವಿಮೆ ಬೇಕೇ ಬೇಕು. ಅದನ್ನು ಪ್ರತ್ಯೇಕವಾಗಿ ಕೊಂಡು ವರ್ಷವರ್ಷ ಕಂತು ಕಟ್ಟಿದರೆ ವಿಮೆಯ ಮೇಲೆ ಬಡ್ಡಿ ಬೀಳುವುದಿಲ್ಲ.

ಇವುಗಳಲ್ಲಿ ಬ್ಯಾಂಕು ವಸೂಲು ಮಾಡುವ ಖರ್ಚುಗಳನ್ನು ಬಡ್ಡಿಯೊಂದಿಗೆ ಕೂಡಿಸಿ ಒಂದೇ ವಾರ್ಷಿಕ ದರದಲ್ಲಿ ತೋರಿಸುವ 'ಪ್ರಮುಖ ಅಂಶಗಳ ಹೇಳಿಕೆ'ಯನ್ನು 2024ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಪ್ರತಿ ಹೊಸ ಗೃಹಸಾಲಕ್ಕೂ ಕೊಡಬೇಕು. ಅದು ಸಾಲಗಾರರಿಗೆ ತಿಳಿಯುವ ಭಾಷೆಯಲ್ಲಿ ಇರಬೇಕೆಂಬುದೂ ನಿಯಮ. ಆದ್ದರಿಂದ ಕನ್ನಡ ಪ್ರತಿ ಕೇಳುವುದು ಹಕ್ಕು.

"ಕಡೀ ಕಂತು ಕಟ್ಟಿದ್ರ ಮುಗೀತು"

ಕೊನೆಯ ಕಂತಿನ ನಂತರವೂ ಕೆಲಸ ಇದೆ. ಬ್ಯಾಂಕಿನಿಂದ ಬೇಬಾಕಿ ಪತ್ರ ಪಡೆಯಬೇಕು. ಉಪನೋಂದಣಿ ಕಚೇರಿಯ ದಾಖಲೆಯಲ್ಲಿರುವ ಅಡಮಾನವನ್ನೂ, ಹೊಲ ಆಧಾರವಾಗಿದ್ದರೆ ಉತಾರದ ಮೇಲಿನ ಬೋಜಾವನ್ನೂ ತೆಗೆಸಬೇಕು. ಇಲ್ಲವಾದರೆ ತೀರಿದ ಸಾಲ ದಾಖಲೆಯಲ್ಲಿ ಹಾಗೆಯೇ ಉಳಿದು, ಮುಂದೆ ಮಾರುವಾಗ ಅಥವಾ ಮಕ್ಕಳಿಗೆ ಹಂಚುವಾಗ ಅಡ್ಡ ಬರುತ್ತದೆ. ಮೂಲ ದಾಖಲೆಗಳನ್ನು ಸಾಲ ತೀರಿದ 30 ದಿನದೊಳಗೆ ಮರಳಿಸಬೇಕು. ತಮ್ಮ ಕಾರಣದಿಂದ ತಡವಾದರೆ ಬ್ಯಾಂಕುಗಳು ದಿನಕ್ಕೆ 5,000 ರೂಪಾಯಿಯಂತೆ ಸಾಲಗಾರರಿಗೆ ಪರಿಹಾರ ಕೊಡಬೇಕೆಂಬ ರಿಸರ್ವ್ ಬ್ಯಾಂಕಿನ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ.