ಪಾಠಾಂತರ ಉಳಿಯದ ಸಂಪಾದನೆ: ಚಿತ್ರಸಂಕಲನಕಾರ ಸುರೇಶ್ ಅರಸ್ ಅವರ ವೃತ್ತಿಯನ್ನು ಕುರಿತು

‘ಎಡಿಟಿಂಗ್’ ಎಂಬ ಒಂದೇ ಇಂಗ್ಲಿಷ್ ಪದಕ್ಕೆ ಕನ್ನಡದಲ್ಲಿ ಎರಡು ಪದಗಳು ರೂಢಿಯಲ್ಲಿವೆ. ಹಸ್ತಪ್ರತಿಗಳ ಸಂದರ್ಭದಲ್ಲಿ ‘ಸಂಪಾದನೆ’ ಎನ್ನುತ್ತೇವೆ, ಚಲನಚಿತ್ರದ ಸಂದರ್ಭದಲ್ಲಿ ‘ಸಂಕಲನ’ ಎನ್ನುತ್ತೇವೆ. ಮೊದಲನೆಯದು ನಮ್ಮ ಸ್ನಾತಕೋತ್ತರ ತರಗತಿಗಳಲ್ಲಿ ಒಂದು ಪ್ರತ್ಯೇಕ ಪತ್ರಿಕೆಯ ಗೌರವವನ್ನು ಪಡೆದಿದೆ. ಎರಡನೆಯದು ತೆರೆಯ ಮೇಲೆ ಕ್ಷಣಕಾಲ ಕಾಣಿಸಿಕೊಂಡು ಮರೆಯಾಗುವ ಒಂದು ಹೆಸರಾಗಿ ಉಳಿದಿದೆ. ಇವೆರಡೂ ಮೂಲತಃ ಒಂದೇ ಬಗೆಯ ವಿವೇಕವನ್ನು ಬೇಡುವ ಕೆಲಸಗಳು ಎಂಬುದನ್ನು ಸುರೇಶ್ ಅರಸ್ ಅವರ ವೃತ್ತಿಜೀವನದ ಮೂಲಕ ತೋರಿಸುವುದು ಈ ಲೇಖನದ ಉದ್ದೇಶ.

ಹಾವೇರಿ ಜಿಲ್ಲೆಯ ಓದುಗರಿಗೆ ಸಂಪಾದನೆಯ ಮಹತ್ವವನ್ನು ಹೊಸದಾಗಿ ಹೇಳಬೇಕಾಗಿಲ್ಲ. ಹಿರೇಕೆರೂರು ಸೀಮೆಯ ಅಬಲೂರಿನೊಂದಿಗೆ ಪರಂಪರೆ ಗುರುತಿಸುವ ಸರ್ವಜ್ಞನ ತ್ರಿಪದಿಗಳು ಜನರ ನಾಲಗೆಯ ಮೇಲೂ ಓಲೆಗರಿಗಳಲ್ಲೂ ಚದುರಿದ್ದವು. ಅವುಗಳನ್ನು ಕೂಡಿಸಿ, ತೂಗಿ, ಒಂದು ಕ್ರಮಕ್ಕೆ ತಂದು 1924ರಲ್ಲಿ ಪ್ರಕಟಿಸಿದವರು ರೆವರೆಂಡ್ ಉತ್ತಂಗಿ ಚನ್ನಪ್ಪನವರು. ಶಿಗ್ಗಾಂವಿ ತಾಲ್ಲೂಕಿನ ಶಿಶುನಾಳದ ಶರೀಫರ (1819–1889) ತತ್ವಪದಗಳಿಗೂ ಶಿವಾನಂದ ಗುಬ್ಬಣ್ಣವರ ಅವರಂಥ ಸಂಪಾದಕರ ಶ್ರಮ ಸಂದಿದೆ. ಆದರೆ ಅದೇ ಶರೀಫರ ಬದುಕು 1990ರಲ್ಲಿ ಟಿ.ಎಸ್. ನಾಗಾಭರಣ ಅವರ ನಿರ್ದೇಶನದಲ್ಲಿ ಚಲನಚಿತ್ರವಾಗಿ ಬಂದಾಗ ನಾವು ಶರೀಫರಾದ ಶ್ರೀಧರ್ ಅವರನ್ನು, ಗೋವಿಂದಭಟ್ಟರಾದ ಗಿರೀಶ ಕಾರ್ನಾಡರನ್ನು, ಸಂಗೀತ ನೀಡಿದ ಸಿ. ಅಶ್ವಥ್ ಅವರನ್ನು ಚರ್ಚಿಸಿದೆವು. ದೃಶ್ಯಗಳ ಕ್ರಮವನ್ನೂ ಕಾಲಪ್ರಮಾಣವನ್ನೂ ಕುರಿತ ಪ್ರಶ್ನೆಯನ್ನು ನಾವು ಎತ್ತಲಿಲ್ಲ. ಹಾನಗಲ್ಲು, ಸವಣೂರು ಕಡೆಯ ಕಾಲೇಜುಗಳಲ್ಲಿ ‘ಸಾಹಿತ್ಯ ಮತ್ತು ಸಿನಿಮಾ’ ಎಂಬ ವಿಷಯದ ಮೇಲೆ ನಡೆಯುವ ವಿಚಾರಗೋಷ್ಠಿಗಳಲ್ಲಿಯೂ ಕೃತಿಕಾರ ಮತ್ತು ನಿರ್ದೇಶಕ ಎಂಬ ಇಬ್ಬರೇ ಪಾತ್ರಧಾರಿಗಳಿರುತ್ತಾರೆ.

ರಾಷ್ಟ್ರೀಯ ಭಾವೈಕ್ಯಕ್ಕಾಗಿ ನೀಡುವ ನರ್ಗೀಸ್ ದತ್ ಪ್ರಶಸ್ತಿಯು ‘ಸಂತ ಶಿಶುನಾಳ ಶರೀಫ’ಕ್ಕೆ ಸಂದಿತು. ಕೆಲವೇ ವರ್ಷಗಳ ತರುವಾಯ, 1995ರ ಚಿತ್ರಗಳಿಗೆ ನೀಡಿದ 43ನೆಯ ರಾಷ್ಟ್ರಪ್ರಶಸ್ತಿಗಳಲ್ಲಿ ಅದೇ ಗೌರವ ಮಣಿರತ್ನಂ ಅವರ ತಮಿಳು ಚಿತ್ರ ‘ಬಾಂಬೆ’ಗೆ ದೊರೆಯಿತು. ಆ ವರ್ಷದ ಶ್ರೇಷ್ಠ ಸಂಕಲನ ಪ್ರಶಸ್ತಿಯೂ ಅದೇ ಚಿತ್ರಕ್ಕೆ ಬಂದಿತು. ಅದನ್ನು ಪಡೆದವರು ಕನ್ನಡಿಗ ಸುರೇಶ್ ಅರಸ್. ಗುರುದತ್ತರ ಚಿತ್ರಗಳಿಗೆ ಛಾಯಾಗ್ರಹಣ ಮಾಡಿದ ವಿ.ಕೆ. ಮೂರ್ತಿಯವರನ್ನು ‘ನಮ್ಮವರು’ ಎಂದು ಹೆಮ್ಮೆಯಿಂದ ಹೇಳಿಕೊಳ್ಳುವ ನಾವು ಅರಸ್ ಅವರ ವಿಷಯದಲ್ಲಿ ಅಷ್ಟು ಉತ್ಸಾಹ ತೋರಿಲ್ಲ. ನೆರಳು ಬೆಳಕು ಕಣ್ಣಿಗೆ ಕಾಣುತ್ತವೆ, ಕತ್ತರಿ ಕಾಣುವುದಿಲ್ಲ ಎಂಬುದು ಇದಕ್ಕೆ ಕಾರಣವಿರಬೇಕು.

ಸಂಕಲನದ ಕೆಲಸವನ್ನು ಇಲ್ಲಿ ಸ್ವಲ್ಪ ವಿವರಿಸುವುದು ಅವಶ್ಯ. ಫಿಲ್ಮಿನ ಕಾಲದಲ್ಲಿ 35 ಮಿ.ಮೀ. ಸುರುಳಿಯ ಒಂದು ಅಡಿಯಲ್ಲಿ 16 ಚೌಕಟ್ಟುಗಳಿದ್ದವು. ಸೆಕೆಂಡಿಗೆ 24 ಚೌಕಟ್ಟುಗಳಂತೆ ಒಂದು ನಿಮಿಷಕ್ಕೆ 90 ಅಡಿ ಓಡುತ್ತಿತ್ತು. ಸಾವಿರ ಅಡಿಯ ಒಂದು ರೀಲು ಸುಮಾರು 11 ನಿಮಿಷ, ಎರಡೂಕಾಲು ಗಂಟೆಯ ಚಿತ್ರಕ್ಕೆ ಹನ್ನೆರಡು ಸಾವಿರ ಅಡಿಗೂ ಮಿಕ್ಕಿದ ಉದ್ದ. ಚಿತ್ರೀಕರಿಸಿದ್ದು ಇದರ ಹಲವು ಪಟ್ಟು. ಒಂದೇ ಮಾತನ್ನು ನಟ ನಾಲ್ಕೈದು ಸಲ ಆಡಿರುತ್ತಾನೆ, ಕ್ಯಾಮರಾ ಅದನ್ನು ಎರಡು ಮೂರು ಕೋನಗಳಿಂದ ಹಿಡಿದಿರುತ್ತದೆ. ನಮ್ಮ ಪರಿಭಾಷೆಯಲ್ಲಿ ಹೇಳುವುದಾದರೆ ಇವೆಲ್ಲ ಪಾಠಾಂತರಗಳು. ಸಂಕಲನಕಾರ ಮೂವಿಯೋಲಾ ಅಥವಾ ಸ್ಟೀನ್‌ಬೆಕ್ ಯಂತ್ರದ ಮುಂದೆ ಕುಳಿತು, ಪ್ರತಿಯೊಂದನ್ನೂ ನೋಡಿ, ಒಂದನ್ನು ಆಯ್ದು, ಅದು ಎಲ್ಲಿ ಆರಂಭವಾಗಬೇಕು, ಎಲ್ಲಿ ನಿಲ್ಲಬೇಕು ಎಂದು ನಿರ್ಧರಿಸಿ ಅಂಟಿಸುತ್ತಿದ್ದ. ಹೀಗೆ ಸಿದ್ಧವಾದ ಪ್ರತಿಯನ್ನು ಅನುಸರಿಸಿ ಕೊನೆಗೆ ನೆಗೆಟಿವ್ ಕತ್ತರಿಸಲಾಗುತ್ತಿತ್ತು.

ಆದರೆ ಒಂದು ಮೂಲಭೂತ ವ್ಯತ್ಯಾಸವನ್ನು ಇಲ್ಲಿ ಗಮನಿಸಬೇಕು. ಗ್ರಂಥಸಂಪಾದಕ ತಾನು ಕೈಬಿಟ್ಟ ಪಾಠವನ್ನು ಅಡಿಟಿಪ್ಪಣಿಯಲ್ಲಿ ಕೊಡುತ್ತಾನೆ. ಅವನ ತೀರ್ಮಾನವನ್ನು ಒಪ್ಪದವನು ಪುಟದ ಕೆಳಗೆ ನೋಡಿ ಬೇರೆ ತೀರ್ಮಾನಕ್ಕೆ ಬರಬಹುದು. ಚಿತ್ರಸಂಕಲನಕಾರನಿಗೆ ಅಡಿಟಿಪ್ಪಣಿಯಿಲ್ಲ. ಅವನು ಬಿಟ್ಟದ್ದು ಪ್ರೇಕ್ಷಕನ ಪಾಲಿಗೆ ಎಂದೂ ಇರಲಿಲ್ಲ. ಹೀಗಾಗಿ ಅವನ ಕೆಲಸವನ್ನು ಅಳೆಯಲು ಉಳಿದಿರುವ ಪಠ್ಯವೊಂದೇ ಆಧಾರ.

ಅರಸ್ ಅವರ ವಿಷಯದಲ್ಲಿ ಆ ಆಧಾರ ಸಾಕಷ್ಟು ವಿಸ್ತಾರವಾಗಿದೆ. ಮಣಿರತ್ನಂ ಅವರೊಡನೆ ‘ದಳಪತಿ’ (1991), ‘ರೋಜಾ’ (1992), ‘ತಿರುಡಾ ತಿರುಡಾ’ (1993), ‘ಬಾಂಬೆ’ (1995), ‘ಇರುವರ್’ (1997), ಹಿಂದಿಯ ‘ದಿಲ್ ಸೇ’ (1998), ನಂತರ ನಿರ್ದೇಶಕ ಬಾಲಾ ಅವರೊಡನೆ ‘ಪಿತಾಮಗನ್’ (2003), ‘ನಾನ್ ಕಡವುಳ್’ (2009) – ಹೀಗೆ ಅದು ಸಾಗುತ್ತದೆ.

‘ಬಾಂಬೆ’ಯನ್ನೇ ನೋಡೋಣ. ಚಿತ್ರದ ಮೊದಲರ್ಧ ತಿರುನೆಲ್ವೇಲಿ ಸೀಮೆಯ ಹಳ್ಳಿಯೊಂದರ ಹಿಂದೂ ಯುವಕ ಮತ್ತು ಮುಸ್ಲಿಂ ಯುವತಿಯ ಪ್ರೇಮಕ್ಕೆ ಮೀಸಲು. ಇಬ್ಬರ ನಡುವೆ ಮಾತು ಬಹಳ ಕಡಿಮೆ, ನೋಟವೇ ಸಂಭಾಷಣೆ. ನೋಟವೆಂಬುದು ಚಲನಚಿತ್ರದಲ್ಲಿ ನಟರಿಂದ ಮಾತ್ರ ಆಗುವುದಿಲ್ಲ. ಅವನು ನೋಡಿದ ತುಣುಕಿನ ಪಕ್ಕದಲ್ಲಿ ಅವಳು ತಿರುಗಿದ ತುಣುಕನ್ನು ಇರಿಸಿದಾಗ ಮಾತ್ರ ‘ಅವನು ಅವಳನ್ನು ನೋಡಿದ’ ಎಂಬ ವಾಕ್ಯ ಪೂರ್ಣವಾಗುತ್ತದೆ. ಕರ್ತೃ ಒಂದು ತುಣುಕಿನಲ್ಲಿ, ಕರ್ಮ ಇನ್ನೊಂದರಲ್ಲಿ, ಕ್ರಿಯಾಪದ ಬೆಸುಗೆಯಲ್ಲಿ. ಕಾಸರಗೋಡಿನ ಬೇಕಲ ಕೋಟೆಯಲ್ಲಿ ಚಿತ್ರಿತವಾದ ಹಾಡಿನಲ್ಲಿ ಕಾಯುತ್ತಿರುವವನನ್ನೂ ಓಡಿಬರುತ್ತಿರುವವಳನ್ನೂ ಒಂದಾದಮೇಲೊಂದರಂತೆ ತೋರಿಸುತ್ತ ಅವರ ಭೇಟಿಯನ್ನು ಮುಂದೂಡಿರುವ ರೀತಿ ಇದಕ್ಕೆ ಉತ್ತಮ ನಿದರ್ಶನ. (ಕೆಳದಿಯ ಅರಸರು ಕಟ್ಟಿಸಿದ ಆ ಕೋಟೆಯನ್ನು ಭಾರತದ ಪ್ರೇಕ್ಷಕರೆಲ್ಲ ಕಂಡದ್ದು ಒಬ್ಬ ಕನ್ನಡಿಗನ ಸಂಕಲನದಲ್ಲಿ ಎಂಬುದು ಈ ಲೇಖಕನಿಗೆ ಸಣ್ಣ ಸಂತೋಷದ ವಿಷಯ.)

ಉತ್ತರಾರ್ಧದಲ್ಲಿ 1992ರ ಡಿಸೆಂಬರ್ ಮತ್ತು 1993ರ ಜನವರಿಯ ಗಲಭೆಗಳು ಬರುತ್ತವೆ. ಅಯೋಧ್ಯೆಯ ಘಟನೆಯನ್ನು ಚಿತ್ರ ನೇರವಾಗಿ ತೋರಿಸದೆ ಪತ್ರಿಕೆಗಳ ಶೀರ್ಷಿಕೆಗಳ ಮೂಲಕ ಸೂಚಿಸುತ್ತದೆ. ಹೀಗೆ ತೋರಿಸದೆ ಬಿಟ್ಟದ್ದರ ಭಾರವನ್ನು ತೋರಿಸಿದ್ದು ಹೊರಬೇಕು, ಮತ್ತು ಆ ಹೊಣೆ ಬಹುಮಟ್ಟಿಗೆ ಸಂಕಲನದ ಮೇಲೆ ಬೀಳುತ್ತದೆ. ಬೀದಿಯಲ್ಲಿ ದಾರಿತಪ್ಪಿದ ಅವಳಿ ಮಕ್ಕಳು, ಅವರನ್ನು ಹುಡುಕುವ ತಂದೆತಾಯಿ, ಉರಿಯುವ ಮನೆಗಳು – ಈ ಎಳೆಗಳನ್ನು ಹೆಣೆಯುವಾಗ ಒಂದು ಸಮುದಾಯದ ಹಿಂಸೆಗೆ ಎಷ್ಟು ಸೆಕೆಂಡು, ಇನ್ನೊಂದರದಕ್ಕೆ ಎಷ್ಟು ಎಂಬುದು ಕೇವಲ ಲಯದ ಪ್ರಶ್ನೆಯಾಗಿ ಉಳಿಯುವುದಿಲ್ಲ, ನೀತಿಯ ಪ್ರಶ್ನೆಯಾಗುತ್ತದೆ. ಈ ಚಿತ್ರ ಎರಡೂ ಕಡೆಯನ್ನು ಸರಿದೂಗಿಸಲು ಹೊರಟು ಇತಿಹಾಸವನ್ನು ಸರಳಗೊಳಿಸಿತು ಎಂಬ ಆಕ್ಷೇಪವಿದೆ. ಆ ಆಕ್ಷೇಪದಲ್ಲಿ ಹುರುಳಿದೆ ಎಂದೇ ನನ್ನ ಅಭಿಪ್ರಾಯ. ಆದರೆ ಅದನ್ನು ಸಾಧಿಸಬೇಕಾದರೂ ನಾವು ಕಥೆಯನ್ನಷ್ಟೇ ಅಲ್ಲ, ತುಣುಕುಗಳ ಅಳತೆಯನ್ನು ಪರಿಶೀಲಿಸಬೇಕಾಗುತ್ತದೆ.

‘ಇರುವರ್’ ಇದಕ್ಕೆ ತೀರ ಭಿನ್ನ. ಸಂತೋಷ್ ಶಿವನ್ ಅವರ ಕ್ಯಾಮರಾ ಅಲ್ಲಿ ದೃಶ್ಯಗಳನ್ನು ಅನೇಕ ಕಡೆ ದೀರ್ಘವಾಗಿ, ಕತ್ತರಿಸದಂತೆ ಹಿಡಿಯುತ್ತದೆ. ಇಂಥಲ್ಲಿ ಸಂಕಲನಕಾರನಿಗೇನು ಕೆಲಸ ಎಂದು ಕೇಳಬಹುದು. ಕತ್ತರಿ ಆಡಿಸಬಹುದಾದಲ್ಲಿ ಆಡಿಸದೆ ಕೈಕಟ್ಟಿ ಕೂರುವುದು, ಲಿಪಿಕಾರನ ಪಾಠವನ್ನು ತಿದ್ದುವ ಆಸೆಯನ್ನು ತಡೆದುಕೊಂಡ ಸಂಪಾದಕನ ಸಂಯಮದಂಥದು. ‘ಪಿತಾಮಗನ್’ನಲ್ಲಿ ವಿಕ್ರಮ್ ನಿರ್ವಹಿಸಿದ, ಮಾತೇ ಇಲ್ಲವೆನ್ನಬಹುದಾದ ಸ್ಮಶಾನದ ಹುಡುಗನ ಪಾತ್ರ ಅವರಿಗೆ ಶ್ರೇಷ್ಠ ನಟ ರಾಷ್ಟ್ರಪ್ರಶಸ್ತಿಯನ್ನು ತಂದಿತು. ಮಾತಿಲ್ಲದ ಪಾತ್ರದ ಪ್ರತಿಕ್ರಿಯೆಗಳು ಯಾವಾಗ ಆರಂಭವಾಗಿ ಎಷ್ಟು ಹೊತ್ತು ನಿಲ್ಲುತ್ತವೆ ಎಂಬುದು ನಟನ ಕೈಯಲ್ಲಿ ಮಾತ್ರ ಇರುವ ವಿಷಯವಲ್ಲ.

ಇಲ್ಲಿ ಪ್ರಸ್ತಾಪಿಸಿದ ಎರಡು ದಶಕಗಳಲ್ಲಿ ಕೆಲಸದ ವಿಧಾನವೂ ಬದಲಾಯಿತು. ಫಿಲ್ಮನ್ನು ಬೆರಳಿನಿಂದ ಮುಟ್ಟಿ ಅಂಟಿಸುತ್ತಿದ್ದ ಕೋಣೆಗೆ ಗಣಕಯಂತ್ರ ಬಂದಿತು. ಒಂದು ದೃಶ್ಯದ ಐದಾರು ಆವೃತ್ತಿಗಳನ್ನು ಏಕಕಾಲಕ್ಕೆ ಇರಿಸಿಕೊಂಡು ಹೋಲಿಸುವುದು ಸಾಧ್ಯವಾಯಿತು. ತಾತ್ವಿಕವಾಗಿ ಈಗ ಚಲನಚಿತ್ರಕ್ಕೂ ಪಾಠಾಂತರಗಳ ಭಂಡಾರವೊಂದು ಇರಬಹುದು. ಆದರೆ ಓಲೆಗರಿಗಳಿಗೆ ಹಸ್ತಪ್ರತಿ ವಿಭಾಗಗಳಿರುವಂತೆ ಇವುಗಳಿಗೆ ಆಶ್ರಯವಿಲ್ಲ. ಮುಂದಿನ ಚಿತ್ರಕ್ಕೆ ಸ್ಥಳಾವಕಾಶ ಬೇಕಾದಾಗ ಅವು ಅಳಿಸಿಹೋಗುವ ಸಂಭವವೇ ಹೆಚ್ಚು.