ಸಾವಿರ ಬಾನಿಗೆ ಒಂದಂಗುಲ ನೀರು

ಬಣ್ಣಾರಿಯಿಂದ ದಿಂಬಂ ಘಟ್ಟದ 27 ತಿರುವು ಹತ್ತಿ, ಎಡಕ್ಕೆ ಕಾಡುದಾರಿ ಹಿಡಿದರೆ ತಾಳಮಲೆ. ದಕ್ಷಿಣದ ಅಂಚಿನಲ್ಲಿ ಬೆಟ್ಟ ಕಡಿದುಕೊಂಡು ಮೋಯಾರ್ ಕಣಿವೆಗೆ ಬೀಳುತ್ತದೆ. ಉತ್ತರಕ್ಕೆ ನೆಲ ಮೆಲ್ಲಗೆ ತಗ್ಗುತ್ತ, ತಾಳವಾಡಿಯ ಹೊಲಗಳನ್ನು ದಾಟಿ ಚಾಮರಾಜನಗರದ ಬಯಲು ಸೇರುತ್ತದೆ. 1956ರಲ್ಲಿ ಕೊಳ್ಳೇಗಾಲ ಮೈಸೂರಿಗೆ ಬಂದಾಗ ಈ ಸೀಮೆ ಮದರಾಸಿನಲ್ಲೇ ಉಳಿಯಿತು. ಆದರೂ ಹೆಚ್ಚಿನವರ ಮನೆಮಾತು ಕನ್ನಡವೇ.

ಈ ಭಾಗದ ಹಳೆಯ ಬಾವಿಯೆಂದರೆ ಎತ್ತುಗಳಿಂದ ನೀರೆತ್ತುವ ಕಪಿಲೆ ಬಾವಿ. ದಡದಲ್ಲಿ ಎರಡು ಕಲ್ಲುಗಂಬ, ನಡುವೆ ಮರದ ಗಾಲಿ, ಅದರ ಕೆಳಗೆ ಬಾವಿಯ ತುಟಿಗೆ ಒತ್ತಿಕೊಂಡಂತೆ ಒಂದು ಉರುಳೆ. ಎದುರಿಗೆ ನೆಲ ಅಗೆದು ಮಾಡಿದ ಇಳಿದಾರಿ. ಬಾವಿ ಎಷ್ಟು ಆಳವೋ ದಾರಿ ಹೆಚ್ಚುಕಡಿಮೆ ಅಷ್ಟುದ್ದ. ದಾರಿ ನೋಡಿಯೇ ನೀರಿನ ಮಟ್ಟ ಹೇಳಬಹುದಿತ್ತು.

ನಸುಕಿಗೇ ಎತ್ತು ಹೂಡುತ್ತಿದ್ದರು. ನೀರೆತ್ತುವ ತೊಗಲಿನ ಬಾನಿ ಬಾವಿಯೊಳಗೆ ಧಡ್ಡೆಂದು ಬಿದ್ದು, ಗುಳುಗುಳು ನೀರು ಕುಡಿದು ಮುಳುಗುತ್ತದೆ. ಬಾನಿಯ ಬುಡಕ್ಕೆ ಹೊಲಿದ ತೊಗಲಿನ ಸೊಂಡಿಲೇ ಈ ಯಂತ್ರದ ಜಾಣತನ. ದಪ್ಪ ಮಿಣಿ ಬಾನಿಯ ಬಾಯಿಂದ ಮೇಲಿನ ಗಾಲಿಯ ಮೇಲೆ ಹಾದು ನೊಗಕ್ಕೆ. ತೆಳು ಹಗ್ಗ ಸೊಂಡಿಲ ತುದಿಯಿಂದ ಕೆಳಗಿನ ಉರುಳೆಯ ಮೇಲೆ ಹಾದು ಅದೇ ನೊಗಕ್ಕೆ. ಎತ್ತು ಇಳಿಯತೊಡಗಿದರೆ ಎರಡೂ ಸಮನಾಗಿ ಎಳೆಯುತ್ತವೆ, ಸೊಂಡಿಲು ಮಡಚಿ ಮೇಲ್ಮುಖವಾಗಿ ನಿಂತಿರುವುದರಿಂದ ತುಂಬಿದ ನೀರು ನಿಲ್ಲುತ್ತದೆ. ದಡಕ್ಕೆ ಬಂದಾಗ ಮಿಣಿ ಬಾನಿಯನ್ನು ಇನ್ನೂ ಮೇಲಕ್ಕೆ ಒಯ್ಯುತ್ತದೆ. ತೆಳು ಹಗ್ಗ ಮಾತ್ರ ಸೊಂಡಿಲನ್ನು ತೊಟ್ಟಿಯ ಕಡೆಗೆ ಅಡ್ಡಲಾಗಿ ಸೆಳೆದು ಬಿಚ್ಚುತ್ತದೆ. ಯಾರ ಕೈಯೂ ತಾಕದೆ ನೀರು ಭೋರೆಂದು ತೊಟ್ಟಿಗೆ ಸುರಿಯುತ್ತದೆ. ಕಪಿಲೆ ಹೊಡೆಯುವವನು ಇಳಿಯುವಾಗ ಹಗ್ಗದ ಮೇಲೆ ಕೂತು ತನ್ನ ಭಾರವನ್ನೂ ಎತ್ತುಗಳ ಬಲಕ್ಕೆ ಸೇರಿಸುತ್ತಾನೆ. ಆಮೇಲೆ ಎತ್ತುಗಳು ಹಿಂದುಹಿಂದಕ್ಕೆ ನಡೆದು ದಾರಿ ಹತ್ತುತ್ತವೆ. ಗಾಲಿಯ ಕೀರಲು ದನಿಯ ಮೇಲೆ ಕಪಿಲೆ ಹಾಡು.

ಹಾಡಿಗೆ ಕಾರಣವಿತ್ತು. ಒಂದು ಎಕರೆಗೆ ಒಂದಂಗುಲ ನೀರು ನಿಲ್ಲಿಸಲು ಸುಮಾರು 1 ಲಕ್ಷ ಲೀಟರ್ ಬೇಕು. ಬಾನಿಗೆ 100 ಲೀಟರ್ ಹಿಡಿದರೂ ಸಾವಿರ ಸಲ ಇಳಿದು ಹತ್ತಬೇಕು. ಹಾಗಾಗಿ ರಾಗಿ ಮಳೆಯನ್ನೇ ನಂಬುತ್ತಿತ್ತು. ಕಪಿಲೆ ನೀರು ಬಾವಿ ಪಕ್ಕದ ತುಂಡು ತೋಟಕ್ಕೆ ಮೀಸಲು. ಎತ್ತು ದಣಿದು ನಿಂತ ಹೊತ್ತಿನಲ್ಲಿ ಬಾವಿಯ ಒರತೆ ಮತ್ತೆ ತುಂಬಿಕೊಳ್ಳುತ್ತಿತ್ತು. ಎತ್ತಿನ ದಣಿವಿಗೂ ಒರತೆಗೂ ಹೊಂದಿಕೊಂಡ ಈ ಲೆಕ್ಕವೇ ನನಗೆ ಕಪಿಲೆಯ ದೊಡ್ಡ ಗುಣವಾಗಿ ಕಾಣುತ್ತದೆ.

ಬಾನಿ ಹೊಲಿಯುತ್ತಿದ್ದವರು ಮಾದಿಗರು, ಗಾಲಿ ಕಡೆಯುತ್ತಿದ್ದವರು ಬಡಗಿಗಳು. ಸುಗ್ಗಿಯಲ್ಲಿ ಅವರ ಪಾಲು ಆಯದ ಕಾಳು. ಹೊಲಿಗೆ ಬಿಟ್ಟರೆ ದಾರಿಯುದ್ದಕ್ಕೂ ನೀರು ಸೋರಿ ಅರ್ಧ ದುಡಿಮೆ ಬಾವಿಗೇ ವಾಪಸು. ತೋಟ ಉಳಿಯುವುದು ಆ ಕೈಗಳ ಬಿಗಿಯಲ್ಲಿತ್ತು.

ನಮ್ಮದು ನೀರನ್ನು ಹೊಲಕ್ಕೆ ತರುವ ಪಾಡಾದರೆ, ಹಾಲೆಂಡಿನ ಕಿಂಡರ್‌ಡೈಕ್‌ನಲ್ಲಿ ನೀರಿನದು ತಿರುಗಾಮುರುಗಾ ಸಂಕಟ. ಅಲ್ಲಿನ ಹೊಲ ನದಿಗಿಂತ ತಗ್ಗು. 1740ರ ಸುಮಾರಿಗೆ ಕಟ್ಟಿದ ಗಾಳಿಗಿರಣಿಗಳು ರೆಕ್ಕೆಗೆ ಬಟ್ಟೆ ಹಾಸಿ, ತಲೆಯನ್ನು ಗಾಳಿಯತ್ತ ತಿರುಗಿಸಿಕೊಂಡು, ಹಲಗೆಗಾಲಿಯಿಂದ ಹೊಲದ ನೀರನ್ನು ಮೇಲಿನ ಕಾಲುವೆಗೆ ಎರಚುತ್ತಿದ್ದವು. ಎತ್ತರ ಸ್ವಲ್ಪವೇ, ನೀರು ಅಪಾರ. ನಮ್ಮದು ಆಳದ ನೀರು, ಬೊಗಸೆಯಷ್ಟು. ನಮ್ಮಲ್ಲೂ ಗಾಳಿಯ ಪ್ರಯತ್ನ ನಡೆದಿತ್ತು: ಮುಂದೆ ಮೈಸೂರಿನ ಕೈಗಾರಿಕಾ ನಿರ್ದೇಶಕನಾದ ಆಲ್ಫ್ರೆಡ್ ಚಾಟರ್ಟನ್ ಮದರಾಸಿನಲ್ಲಿದ್ದಾಗ ಗಾಳಿಯಂತ್ರದಿಂದ ನೀರೆತ್ತಿ ನೋಡಿದ, ಎಣ್ಣೆ ಎಂಜಿನ್ನಿನ ಪಂಪನ್ನೂ ಬೆಂಬಲಿಸಿದ. ಗೆದ್ದದ್ದು ಎಂಜಿನ್ನು, ಅದರ ಹಿಂದೆ ಕರೆಂಟು, ಅದರ ಹಿಂದೆ ಕೊಳವೆಬಾವಿ. ದಣಿವೇ ಇಲ್ಲದ ಮೋಟಾರಿಗೆ ಒರತೆಯನ್ನು ಕಾಯುವ ತಾಳ್ಮೆ ಎಲ್ಲಿಂದ ಬರಬೇಕು?

ಕಿಂಡರ್‌ಡೈಕ್‌ನ 19 ಗಿರಣಿಗಳು 1997ರಿಂದ ವಿಶ್ವ ಪರಂಪರೆಯ ಪಟ್ಟಿಯಲ್ಲಿವೆ. ನೀರು ಹೊರಹಾಕುವ ಕೆಲಸ ಪಂಪುಗಳ ಪಾಲಾದರೂ, ಗಿರಣಿಗಳನ್ನು ತಿರುಗಿಸಬಲ್ಲವರು ಅಲ್ಲಿಯೇ ವಾಸವಿದ್ದಾರೆ. ಕಪಿಲೆಗೂ ಅಂಥ ಉಳಿವು ಬೇಕು. ಬರಗೂರು ತಳಿಯ ಕೆಂಪು ಎತ್ತುಗಳ ತವರು ತಾಳವಾಡಿ ಇರುವ ಜಿಲ್ಲೆಯಲ್ಲೇ ಇದೆ. ತಾಳವಾಡಿಯಲ್ಲಿ ಒಂದು ಬಾವಿಯನ್ನಾದರೂ ಆರಿಸಿ, ಗಾಲಿ ಕೂರಿಸಿ, ಬಾನಿ ಹೊಲಿಸಿ, ಎತ್ತು ಪಳಗಿಸಿ ಮತ್ತೆ ಕಪಿಲೆ ಹೊಡೆಯಬೇಕು. ಹಿಮ್ಮುಖವಾಗಿ ದಾರಿ ಹತ್ತುವುದನ್ನು ಎತ್ತಿಗೆ ಕಲಿಸಬಲ್ಲ ಹಿರಿಯರು ಇರುವಾಗಲೇ ಈ ಕೆಲಸ ಆಗಬೇಕು.